ಮುಖ ಕದಲಿಸದೆ ಕಾನ್ ಪ್ರಶಸ್ತಿ ಗೆದ್ದ ಕಾತಿ ಔತಿನೆನ್: ಒಂದು ಪ್ರಕರಣ ಅಧ್ಯಯನ

2002ರ ಮೇ ತಿಂಗಳಲ್ಲಿ ಕಾನ್ ಚಿತ್ರೋತ್ಸವದ ಶ್ರೇಷ್ಠ ನಟಿ ಪ್ರಶಸ್ತಿ ಫಿನ್ಲೆಂಡಿನ ಕಾತಿ ಔತಿನೆನ್ ಅವರಿಗೆ ಬಂತು. ಆ ವರ್ಷ ತೀರ್ಪುಗಾರರ ಅಧ್ಯಕ್ಷರಾಗಿದ್ದವರು ಡೇವಿಡ್ ಲಿಂಚ್. ಸಿನಿಮಾದ ಹೆಸರು 'ದಿ ಮ್ಯಾನ್ ವಿದೌಟ್ ಎ ಪಾಸ್ಟ್', ನಿರ್ದೇಶಕ ಅಕಿ ಕೌರಿಸ್ಮಾಕಿ. ಆ ಸಿನಿಮಾದಲ್ಲಿ ಕಥೆಯ ಭಾರವನ್ನೆಲ್ಲ ಹೊರುವುದು ನಾಯಕ ಮಾರ್ಕು ಪೆಲ್ತೊಲಾ. ಔತಿನೆನ್ ಅವರದ್ದು ಇರ್ಮಾ ಎಂಬ ಪಾತ್ರ. ಸಾಲ್ವೇಶನ್ ಆರ್ಮಿ ಅನ್ನುವ ಕ್ರೈಸ್ತ ಸೇವಾ ಸಂಸ್ಥೆಯ ಸಮವಸ್ತ್ರ ಹಾಕಿಕೊಂಡು ಬಡವರಿಗೆ ಸೂಪ್ ಹಂಚುವ, ಹಳೇ ಬಟ್ಟೆ ಹುಡುಕಿಕೊಡುವ, ನಲವತ್ತರ ಆಸುಪಾಸಿನ ಒಂಟಿ ಹೆಂಗಸು. ಗೋಳಾಡುವ ದೃಶ್ಯ ಇಲ್ಲ. ಕಿರುಚಾಟ ಇಲ್ಲ. ಉದ್ದುದ್ದ ಡೈಲಾಗ್ ಇಲ್ಲ. ಸಾಮಾನ್ಯವಾಗಿ ಪ್ರಶಸ್ತಿ ತಂದುಕೊಡುವ ಯಾವುದೂ ಆ ಪಾತ್ರದಲ್ಲಿ ಇರಲಿಲ್ಲ.

ಹಾಗಾದರೆ ಪ್ರಶಸ್ತಿ ಯಾತಕ್ಕೆ ಬಂತು? ಎರಡು ಸುಲಭದ ಉತ್ತರ ಇವೆ. ಒಂದು, ಅದೆಲ್ಲ ನಿರ್ದೇಶಕನ ಕೈಚಳಕ, ಅಲ್ಲಿ ಯಾರನ್ನು ನಿಲ್ಲಿಸಿದ್ದರೂ ನಡೆಯುತ್ತಿತ್ತು ಅನ್ನೋದು. ಇನ್ನೊಂದು, ಫಿನ್ಲೆಂಡಿನವರು ಇರೋದೇ ಹಾಗೆ, ಮಾತೂ ಕಡಿಮೆ ನಗುವೂ ಕಡಿಮೆ, ಆಕೆ ಸುಮ್ನೆ ತಾವಿದ್ದ ಹಾಗೇ ಕ್ಯಾಮೆರಾ ಮುಂದೆ ನಿಂತಿದ್ದಾರೆ ಅನ್ನೋದು. ನನಗೆ ಎರಡೂ ಒಪ್ಪಿಗೆಯಿಲ್ಲ. ಆ ಸುಮ್ಮನಿರುವಿಕೆ ದುಡಿಮೆಯಿಂದ ಬಂದದ್ದು, ಅದರ ಹಿಂದೆ ಒಂದು ಆಯ್ಕೆ ಇದೆ ಅನ್ನೋದು ನನ್ನ ವಾದ. ಅದಕ್ಕೆ ಅವರ ವೃತ್ತಿಯನ್ನು ಮೊದಲಿನಿಂದ ನೋಡಬೇಕು.

ಅವರು ಹುಟ್ಟಿದ್ದು 1961ರ ಆಗಸ್ಟ್ 17ರಂದು, ಹೆಲ್ಸಿಂಕಿಯಲ್ಲಿ. ಜನ ಮೊದಲು ಗುರುತಿಸಿದ್ದು 1980ರ ಒಂದು ಯುವಜನರ ಸಿನಿಮಾದಲ್ಲಿ. ತಾಪಿಯೊ ಸುಒಮಿನೆನ್ ನಿರ್ದೇಶನದ ಆ ಚಿತ್ರದಲ್ಲಿ ಶಾಲೆಗೆ ಒಗ್ಗದ, ಬೇರೆ ತರಗತಿಗೆ ತಳ್ಳಿಸಿಕೊಂಡ ನಗರದಂಚಿನ ಹುಡುಗರ ಕಥೆ ಇದೆ. ಪಂಕ್ ಸಂಗೀತದ ಕಾಲ. ಔತಿನೆನ್ ಅದರಲ್ಲಿ ಲಿಸ್ಸು ಅನ್ನುವ ಗಟ್ಟಿ ಹುಡುಗಿ. ಮುಂದೆ ನಾವು ನೋಡುವ ತಣ್ಣನೆಯ ಹೆಂಗಸರಿಗೂ ಈ ಲಿಸ್ಸುಗೂ ಸಂಬಂಧವೇ ಇಲ್ಲ. 'ಆಕೆ ಇರೋದೇ ಹಾಗೆ' ಅನ್ನುವವರು ಇದನ್ನೊಂದು ನೋಡಬೇಕು.

ಇನ್ನೂ ಮಜಾ ಇರೋದು ಅವರು ಓದಿದ ಜಾಗದಲ್ಲಿ. ಹೆಲ್ಸಿಂಕಿಯ ಥಿಯೇಟರ್ ಅಕಾಡೆಮಿಗೆ ಎಂಬತ್ತರ ದಶಕದ ಮೊದಲ ಭಾಗದಲ್ಲಿ ಯೌಕೊ ತುರ್ಕಾ ಅನ್ನುವ ರಂಗ ನಿರ್ದೇಶಕರದ್ದೇ ಹವಾ, ಕೆಲವು ವರ್ಷ ಅವರೇ ಅಲ್ಲಿನ ಮುಖ್ಯಸ್ಥರು. ತುರ್ಕಾ ಪದ್ಧತಿ ಅಂದರೆ ಮೈಮುರಿಯುವ ನಟನೆ. ಬೆವರು ಸುರಿಯಬೇಕು, ಉಗುಳು ಹಾರಬೇಕು, ದನಿ ಒಡೆಯಬೇಕು. ಫಿನ್ಲೆಂಡಿನಲ್ಲಿ ಆ ಪದ್ಧತಿಯ ಬಗ್ಗೆ ಇವತ್ತಿಗೂ ಜಗಳ ನಡೆಯುತ್ತದೆ. ಆ ಗದ್ದಲದ ಮಧ್ಯೆಯೇ ಔತಿನೆನ್ ಕಲಿತರು. ಆದರೂ ಅವರನ್ನು ಯಾರೂ ತುರ್ಕಾ ಶಾಲೆಯ ನಟಿ ಅಂತ ಕರೆಯುವುದಿಲ್ಲ. ಅಂದರೆ ಕಿರುಚೋದು ಹೇಗೆ ಅಂತ ಗೊತ್ತಿರುವ ಜಾಗದಿಂದ ಬಂದು ಕಿರುಚದೆ ಉಳಿದವರು ಇವರು. ಬಾರದೇ ಇರುವವರು ಸುಮ್ಮನಿರುವುದಕ್ಕೂ ಬರುವವರು ಸುಮ್ಮನಿರುವುದಕ್ಕೂ ವ್ಯತ್ಯಾಸ ಇದೆ ಅಲ್ವಾ?

1986ರಲ್ಲಿ ಕೌರಿಸ್ಮಾಕಿ ಜೊತೆ ಮೊದಲ ಸಿನಿಮಾ, 'ಶ್ಯಾಡೋಸ್ ಇನ್ ಪ್ಯಾರಡೈಸ್'. ನಾಯಕ ನಿಕಾಂದರ್ ಕಸದ ಲಾರಿಯವನು, ನಾಯಕಿ ಇಲೋನಾ ಸೂಪರ್ ಮಾರ್ಕೆಟ್ಟಿನ ಕ್ಯಾಷಿಯರ್. ನಿಕಾಂದರ್ ಪಾತ್ರ ಮಾಡಿದವರು ಮತ್ತಿ ಪೆಲ್ಲೊನ್‌ಪಾ, ಇಳಿಬಿದ್ದ ಮೀಸೆ, ದಣಿದ ಕಣ್ಣು. ಮೊದಲ ಭೇಟಿಗೆ ಅವನು ಅವಳನ್ನು ಕರೆದುಕೊಂಡು ಹೋಗುವುದು ಬಿಂಗೊ ಆಡಿಸುವ ಜಾಗಕ್ಕೆ. ಅವಳಿಗೆ ಅಲ್ಲಿ ಬೇಜಾರಾಗುತ್ತದೆ, ಹಾಗಂತ ಮುಖ ಸಿಂಡರಿಸುವುದಿಲ್ಲ, ಸುಮ್ಮನೆ ಕೂತಿರುತ್ತಾಳೆ, ನಮಗೆ ಗೊತ್ತಾಗಿಬಿಡುತ್ತದೆ. ಕೆಲಸದಿಂದ ತೆಗೆದಾಗ ಅಂಗಡಿಯ ಹಣದ ಪೆಟ್ಟಿಗೆ ಎತ್ತಿಕೊಂಡು ಹೋಗುವಾಗಲೂ ಅದೇ ಮುಖ.

ಕೌರಿಸ್ಮಾಕಿ ಕೆಲಸ ಮಾಡುವ ರೀತಿ ಇಲ್ಲಿ ಮುಖ್ಯ. ರಿಹರ್ಸಲ್ ಅವರಿಗೆ ಹಿಡಿಸುವುದಿಲ್ಲ. ಟೇಕ್‌ಗಳು ತೀರಾ ಕಡಿಮೆ, ಎಷ್ಟೋ ಸಲ ಮೊದಲನೆಯದೇ ಕೊನೆಯದು. ಕೈ ಬೀಸುವುದು, ಹುಬ್ಬು ಕುಣಿಸುವುದು ಎಲ್ಲ ಬೇಡ. ಕ್ಯಾಮೆರಾ ತಿಮೊ ಸಾಲ್ಮಿನೆನ್ ಅವರದ್ದು, ಹಳೇ ಹಾಲಿವುಡ್ ಸ್ಟುಡಿಯೋಗಳ ಹಾಗೆ ಒಂದೊಂದು ಮುಖಕ್ಕೂ ಲೆಕ್ಕ ಹಾಕಿ ಬೆಳಕು ಬಿಡುತ್ತಾರೆ. ಇಂಥ ಕಡೆ ನಟಿಗೆ ಸಿಗುವ ಜಾಗ ಎಷ್ಟು? ಕಣ್ಣು ಎತ್ತಿ ನೋಡುವುದು, ಇಳಿಸುವುದು, ಒಂದು ಕ್ಷಣ ತಡೆದು ಉತ್ತರ ಕೊಡುವುದು. ಅಷ್ಟೇ. ಎರಡನೇ ಅವಕಾಶ ಇಲ್ಲ ಅಂದಮೇಲೆ ಆ ತಡೆಯುವ ಕ್ಷಣ ಮೊದಲ ಸಲವೇ ಸರಿಯಾಗಿ ಬರಬೇಕು. ಇದನ್ನು ನಟನೆ ಅಲ್ಲ ಅನ್ನುವವರಿಗೆ ಏನು ಹೇಳೋದು.

ಮಾತಿನದ್ದೂ ಹಾಗೇ. ಕೌರಿಸ್ಮಾಕಿ ಸಿನಿಮಾಗಳಲ್ಲಿ ಕೂಲಿಗಳೂ ಕ್ಯಾಷಿಯರುಗಳೂ ಅಚ್ಚುಕಟ್ಟಾದ ಪುಸ್ತಕದ ಫಿನ್ನಿಶ್ ಮಾತಾಡುತ್ತಾರೆ. ಹೆಲ್ಸಿಂಕಿಯ ಬೀದಿಯಲ್ಲಿ ಯಾರೂ ಹಾಗೆ ಮಾತಾಡುವುದಿಲ್ಲ. ತರಕಾರಿ ಅಂಗಡಿಯಲ್ಲಿ ನಿಂತು ಗ್ರಾಂಥಿಕ ಕನ್ನಡದಲ್ಲಿ ಬೆಂಡೆಕಾಯಿ ಕೇಳಿದ ಹಾಗಿರುತ್ತದೆ ಅದು. ಸಬ್‌ಟೈಟಲ್ ಓದಿಕೊಂಡು ನೋಡುವ ನಮಗೆ ಈ ತಮಾಷೆ ಪೂರ್ತಿ ತಪ್ಪಿಹೋಗುತ್ತದೆ. 'ಫಿನ್ಲೆಂಡಿನ ಜನ ಹೀಗೇ ಇರ್ತಾರೆ' ಅನ್ನುವ ತಪ್ಪು ಕಲ್ಪನೆ ಹುಟ್ಟೋದೂ ಇಲ್ಲಿಂದಲೇ. ಅಲ್ಲಿನ ಜನಕ್ಕೂ ಇದು ವಿಚಿತ್ರವಾಗಿಯೇ ಕೇಳಿಸುತ್ತದೆ. ಆ ಕೃತಕ ಮಾತನ್ನು ನಿಜ ಅನ್ನಿಸುವ ಹಾಗೆ ಹೇಳುವುದು ಔತಿನೆನ್ ಅವರ ಪಾಲಿನ ಕೆಲಸ.

ಈ ಪ್ರಕರಣದಲ್ಲಿ ನಾನು ಜಾಸ್ತಿ ಹೊತ್ತು ನಿಲ್ಲಬೇಕಾದ್ದು 1990ರ 'ದಿ ಮ್ಯಾಚ್ ಫ್ಯಾಕ್ಟರಿ ಗರ್ಲ್' ಮುಂದೆ. ನಟರ ಮುಖದಲ್ಲಿ ಭಾವವೇ ಕಾಣಿಸದ ಹಾಗೆ ಸಿನಿಮಾ ಮಾಡುತ್ತಿದ್ದ ಫ್ರೆಂಚ್ ನಿರ್ದೇಶಕ ಬ್ರೆಸ್ಸಾನ್ ಅವರ ಚಿತ್ರಗಳೂ ಇದರ ಪಕ್ಕದಲ್ಲಿ ಭಾರೀ ಸಾಹಸದ ಚಿತ್ರಗಳ ಹಾಗೆ ಕಾಣಬೇಕು ಅಂತ ಕೌರಿಸ್ಮಾಕಿ ಹೇಳಿಕೊಂಡಿದ್ದರು. ಒಂದೂಕಾಲು ಗಂಟೆಯೂ ಇಲ್ಲದ ಸಿನಿಮಾ. ಶುರುವಾಗುವುದು ಯಂತ್ರಗಳಿಂದ. ಮರದ ದಿಮ್ಮಿ ಬರುತ್ತದೆ, ಅದರ ಸಿಪ್ಪೆ ಸುಲಿಯುತ್ತದೆ, ತೆಳ್ಳಗಿನ ಹಾಳೆಯಾಗುತ್ತದೆ, ಕಡ್ಡಿಗಳಾಗುತ್ತವೆ, ಪೊಟ್ಟಣದಲ್ಲಿ ತುಂಬಿಕೊಳ್ಳುತ್ತವೆ. ಇದೆಲ್ಲ ಸಾಕಷ್ಟು ಹೊತ್ತು ಆದಮೇಲೆ ಒಂದು ಜೊತೆ ಕೈ, ಆಮೇಲೆ ಮುಖ. ಅದು ಇರಿಸ್. ಪೊಟ್ಟಣಗಳ ಚೀಟಿ ಸರಿಯಾಗಿ ಅಂಟಿದೆಯಾ ಅಂತ ನೋಡುವುದು ಅವಳ ಕೆಲಸ.

ಮನೆಯಲ್ಲಿ ತಾಯಿ ಮತ್ತು ಮಲತಂದೆ. ಇಬ್ಬರೂ ಟಿವಿ ಮುಂದೆ ಕೂತಿರುತ್ತಾರೆ, ಟಿವಿಯಲ್ಲಿ ಚೀನಾದ 1989ರ ಟಿಯಾನನ್ಮೆನ್ ಚೌಕದ ಹತ್ಯಾಕಾಂಡದ ಸುದ್ದಿ ಬರುತ್ತಿರುತ್ತದೆ. ಇರಿಸ್ ದುಡಿದು ತರುತ್ತಾಳೆ, ಅಡುಗೆ ಮಾಡುತ್ತಾಳೆ, ಬಡಿಸುತ್ತಾಳೆ. ಯಾರೂ ಮಾತಾಡುವುದಿಲ್ಲ. ಸಂಜೆ ಡಾನ್ಸ್ ಹಾಲ್‌ಗೆ ಹೋಗುತ್ತಾಳೆ. ಗೋಡೆ ಪಕ್ಕ ಹೆಂಗಸರು ಸಾಲಾಗಿ ಕೂತಿರುತ್ತಾರೆ, ಗಂಡಸರು ಬಂದು ಒಬ್ಬೊಬ್ಬರನ್ನೇ ಕರೆದುಕೊಂಡು ಹೋಗುತ್ತಾರೆ, ಕೊನೆಗೆ ಇವಳೊಬ್ಬಳೇ. ಪಕ್ಕದಲ್ಲಿ ಕುಡಿದಿಟ್ಟ ಖಾಲಿ ಶರಬತ್ತಿನ ಬಾಟಲಿಗಳು. ಹಿಂದೆ ರೇಯೊ ತೈಪಲೆ 'ಸತುಮಾ' ಹಾಡುತ್ತಿರುತ್ತಾರೆ, ಫಿನ್ಲೆಂಡಿನ ಎಲ್ಲರಿಗೂ ಬಾಯಿಪಾಠ ಇರುವ ಟ್ಯಾಂಗೊ ಅದು, ದೂರದ ಸುಖದ ನಾಡಿನ ಬಗ್ಗೆ. ಇಲ್ಲಿ ಬೇರೆ ನಟಿಯಾಗಿದ್ದರೆ ಕಣ್ಣಲ್ಲಿ ನೀರು ತುಂಬಿಸಿಕೊಳ್ಳುತ್ತಿದ್ದರು. ಔತಿನೆನ್ ಬಾಟಲಿಯಿಂದ ಇನ್ನೊಂದು ಗುಟುಕು ಕುಡಿಯುತ್ತಾರೆ. ಹಾಡೂ ಬಾಟಲಿಗಳೂ ಸೇರಿ ಎಲ್ಲ ಹೇಳಿ ಮುಗಿಸಿರುವಾಗ ಮುಖವೂ ಅದನ್ನೇ ಮತ್ತೆ ಹೇಳಬೇಕಾಗಿಲ್ಲ ಅನ್ನುವ ನಂಬಿಕೆ ಅದು. ಆ ನಂಬಿಕೆ ಇರುವ ನಟರು ಕಡಿಮೆ. ನಮ್ಮಲ್ಲಂತೂ ಹಿನ್ನೆಲೆ ಸಂಗೀತ, ಮುಖ, ಮಾತು ಮೂರೂ ಒಂದೇ ವಿಷಯವನ್ನು ಒಟ್ಟಿಗೆ ಕೂಗುವುದೇ ಜಾಸ್ತಿ.

ಸಂಬಳದ ದಿನ ಅವಳು ಒಂದು ಕೆಂಪು ಬಟ್ಟೆ ಕೊಳ್ಳುತ್ತಾಳೆ. ಮನೆಗೆ ಬಂದಾಗ ಮಲತಂದೆ ಕೆನ್ನೆಗೆ ಬಾರಿಸಿ ಸೂಳೆ ಅನ್ನುತ್ತಾನೆ. ತಾಯಿ ವಾಪಸ್ ಕೊಟ್ಟು ಬಾ ಅನ್ನುತ್ತಾಳೆ. ಅವಳು ಅದೇ ಬಟ್ಟೆ ಹಾಕಿಕೊಂಡು ಹೊರಗೆ ಹೋಗುತ್ತಾಳೆ. ಒಬ್ಬ ಸಿಗುತ್ತಾನೆ, ಒಂದು ರಾತ್ರಿಯ ನಂತರ ದುಡ್ಡಿಟ್ಟು ಹೋಗುತ್ತಾನೆ. ಗರ್ಭಿಣಿ ಅಂತ ತಿಳಿಸಿದರೆ ಚೆಕ್ ಕಳಿಸಿ, ಕಳೆದುಕೋ ಅನ್ನುತ್ತಾನೆ. ಆಮೇಲೆ ಔಷಧಿ ಅಂಗಡಿ. ಇಲಿ ಪಾಷಾಣ ಕೇಳುತ್ತಾಳೆ. ಇದರಿಂದ ಏನಾಗುತ್ತೆ ಅಂದರೆ, ಸಾಯುತ್ತೆ ಅಂತ ಉತ್ತರ. ಒಳ್ಳೇದು ಅನ್ನುತ್ತಾಳೆ. ಅದೇ ಗ್ರಾಂಥಿಕ ಫಿನ್ನಿಶ್, ಅದೇ ಮುಖ. ಹಾಲು ಕೊಂಡ ಹಾಗೆ. ನಗು ಬರುತ್ತದೆ, ಬಂದ ತಕ್ಷಣ ಮೈ ಜುಂ ಅನ್ನುತ್ತದೆ. ಮನೆಗೆ ಹೋಗಿ ಅದನ್ನು ನೀರಲ್ಲಿ ಕಲಸಿ ಸಣ್ಣ ಬಾಟಲಿಗೆ ತುಂಬಿ ಕೈಚೀಲದಲ್ಲಿ ಇಟ್ಟುಕೊಳ್ಳುತ್ತಾಳೆ. ಬಾರ್‌ನಲ್ಲಿ ಯಾವನೋ ಗುರುತಿಲ್ಲದವನು ಪಕ್ಕ ಬಂದು ಕೂತು ಹಲ್ಲು ಕಿರಿದರೆ ಅವನ ಲೋಟಕ್ಕೂ ಸ್ವಲ್ಪ ಸುರಿಯುತ್ತಾಳೆ. ಇಡೀ ಸಿನಿಮಾದಲ್ಲಿ ಅವಳ ಮುಖ ಸಡಿಲವಾಗುವುದೇ ಅಪರೂಪ, ಅದರಲ್ಲಿ ಒಂದು ಇದು. ಅಲ್ಲಿಯವರೆಗೆ ತಡೆದಿಟ್ಟಿದ್ದರಿಂದಲೇ ಅಷ್ಟು ಸಣ್ಣದು ಅಷ್ಟು ಭಯಂಕರವಾಗಿ ಕಾಣುತ್ತದೆ. ಅವರು ಮೊದಲ ಹತ್ತು ನಿಮಿಷದಲ್ಲೇ ಎಲ್ಲ ಖರ್ಚು ಮಾಡಿದ್ದರೆ ಇಲ್ಲಿಗೆ ಏನೂ ಉಳಿಯುತ್ತಿರಲಿಲ್ಲ.

1994ರ 'ಟೇಕ್ ಕೇರ್ ಆಫ್ ಯುವರ್ ಸ್ಕಾರ್ಫ್, ಟಟಿಯಾನಾ' ಹಗುರ ಸಿನಿಮಾ, ಇಬ್ಬರು ಗಂಡಸರಿಗೆ ಹೆಂಗಸರ ಜೊತೆ ಮಾತಾಡಲು ಬಾಯೇ ಬರುವುದಿಲ್ಲ. ಔತಿನೆನ್ ಅಲ್ಲಿ ಎಸ್ಟೋನಿಯಾದ ಟಟಿಯಾನಾ, ಜೊತೆಗಾರ ಮತ್ತೆ ಪೆಲ್ಲೊನ್‌ಪಾ. ಅವರಿಬ್ಬರೂ ಜೊತೆಗೆ ಮಾಡಿದ ಕೊನೆಯ ಕೌರಿಸ್ಮಾಕಿ ಸಿನಿಮಾ ಅದು.

1995ರ ಜುಲೈನಲ್ಲಿ ಪೆಲ್ಲೊನ್‌ಪಾ ತೀರಿಕೊಂಡರು. ವಯಸ್ಸು 44. ಮೂರು ವರ್ಷ ಹಿಂದಷ್ಟೇ ಯುರೋಪಿನ ಶ್ರೇಷ್ಠ ನಟ ಪ್ರಶಸ್ತಿ ಪಡೆದಿದ್ದವರು. ಮುಂದಿನ ಸಿನಿಮಾ 'ಡ್ರಿಫ್ಟಿಂಗ್ ಕ್ಲೌಡ್ಸ್'ನ ಹೆಡ್ ವೇಟರ್ ಪಾತ್ರವನ್ನು ಕೌರಿಸ್ಮಾಕಿ ಪೆಲ್ಲೊನ್‌ಪಾ ಅವರನ್ನೇ ಮನಸ್ಸಲ್ಲಿಟ್ಟುಕೊಂಡು ಯೋಚಿಸಿದ್ದರು. ಇನ್ನೊಬ್ಬ ಗಂಡಸನ್ನು ತಂದು ಆ ಜಾಗದಲ್ಲಿ ನಿಲ್ಲಿಸಲಿಲ್ಲ. ಪಾತ್ರವನ್ನೇ ಹೆಂಗಸಿನದ್ದಾಗಿ ಮಾಡಿ ಔತಿನೆನ್ ಅವರಿಗೆ ಕೊಟ್ಟರು. ಅವರ ವೃತ್ತಿಯಲ್ಲಿ ತಿರುವು ಅಂತ ಒಂದಿದ್ದರೆ ನನ್ನ ಪ್ರಕಾರ ಇದೇ, ಕಾನ್ ಪ್ರಶಸ್ತಿ ಅಲ್ಲ. ಅಲ್ಲಿಯವರೆಗೆ ಅವರು ತುಳಿತಕ್ಕೆ ಸಿಕ್ಕ ಹುಡುಗಿ, ಇಲ್ಲವೇ ಪೆಲ್ಲೊನ್‌ಪಾ ಪಕ್ಕದ ಹೆಂಗಸು. ಈಗ ಇಡೀ ಸಿನಿಮಾದ ಬೆನ್ನೆಲುಬು ಅವರೇ ಆಗಬೇಕಾಯಿತು.

ಕಾಲವೂ ಹಾಗಿತ್ತು. ತೊಂಬತ್ತರ ದಶಕದ ಆರಂಭದಲ್ಲಿ ಫಿನ್ಲೆಂಡಿನ ಆರ್ಥಿಕತೆ ಕುಸಿದುಬಿತ್ತು. ಸೋವಿಯತ್ ಒಕ್ಕೂಟದ ಜೊತೆಗಿನ ವ್ಯಾಪಾರ ನಿಂತುಹೋಯಿತು, ಬ್ಯಾಂಕುಗಳು ಮುಳುಗಿದವು, ಶೇ. 3ರ ಆಸುಪಾಸಿನಲ್ಲಿದ್ದ ನಿರುದ್ಯೋಗ ಕೆಲವೇ ವರ್ಷಗಳಲ್ಲಿ ಶೇ. 16 ದಾಟಿತು. ಈ ಸಿನಿಮಾದಲ್ಲೂ ಔತಿನೆನ್ ಪಾತ್ರದ ಹೆಸರು ಇಲೋನಾ, ಆದರೆ ಬೇರೆಯದೇ ಹೆಂಗಸು, ಡುಬ್ರೊವ್ನಿಕ್ ಅನ್ನುವ ಹಳೇ ರೆಸ್ಟೋರೆಂಟಿನ ಹೆಡ್ ವೇಟರ್. ಗಂಡ ಲೌರಿ ಟ್ರಾಮ್ ಡ್ರೈವರ್. ಯಾರನ್ನು ತೆಗೆಯಬೇಕು ಅಂತ ಡಿಪೋದಲ್ಲಿ ಇಸ್ಪೀಟು ಎಲೆ ಎತ್ತಿಸುತ್ತಾರೆ, ಲೌರಿಗೆ ಸಣ್ಣ ಎಲೆ ಬಂದು ಕೆಲಸ ಹೋಗುತ್ತದೆ. ಆಮೇಲೆ ರೆಸ್ಟೋರೆಂಟೂ ಮಾರಾಟವಾಗುತ್ತದೆ. ಇಲೋನಾ ಕೆಲಸ ಹುಡುಕಿಕೊಂಡು ಹೋದರೆ 38 ವಯಸ್ಸು ಜಾಸ್ತಿಯಾಯಿತು ಅನ್ನುತ್ತಾರೆ.

ಕೊನೆಗೆ ಒಂದು ಕೊಳಕು ಬಾರ್‌ನಲ್ಲಿ ಕೆಲಸ ಸಿಗುತ್ತದೆ. ಅಲ್ಲಿ ಬೇರೆ ಆಳುಗಳೇ ಇಲ್ಲ. ಬಡಿಸುವವಳೂ ಅವಳೇ, ಅಡುಗೆಯವಳೂ ಅವಳೇ, ಪಾತ್ರೆ ತೊಳೆಯುವವಳೂ ಅವಳೇ. ಗಿರಾಕಿ ಬಂದು ಆರ್ಡರ್ ಕೊಡುತ್ತಾನೆ. ಇಲೋನಾ ದೊಡ್ಡ ಹೋಟೆಲಿನ ಶಿಸ್ತಿನಲ್ಲೇ ಬರೆದುಕೊಂಡು, ಒಳಗೆ ಹೋಗಿ, ಇಲ್ಲದ ಅಡುಗೆಭಟ್ಟನಿಗೆ ಕೇಳಿಸುವ ಹಾಗೆ ಆರ್ಡರ್ ಕೂಗುತ್ತಾಳೆ. ಆಮೇಲೆ ತಾನೇ ಮಾಡುತ್ತಾಳೆ. ಈ ದೃಶ್ಯವನ್ನು ಎರಡು ರೀತಿಯಲ್ಲಿ ಕೆಡಿಸಬಹುದಿತ್ತು. ಸ್ವಲ್ಪ ತುಂಟ ನಗು ಸೇರಿಸಿದ್ದರೆ ಹಾಸ್ಯದ ತುಣುಕಾಗುತ್ತಿತ್ತು, ಸ್ವಲ್ಪ ಕಣ್ಣೀರು ಸೇರಿಸಿದ್ದರೆ ಕರುಣಾಜನಕ ಆಗುತ್ತಿತ್ತು. ಔತಿನೆನ್ ಎರಡನ್ನೂ ಸೇರಿಸದೆ ಕೆಲಸವನ್ನು ಕೆಲಸದ ಹಾಗೆ ಮಾಡುತ್ತಾರೆ. ಹಾಗಾಗಿ ಅದು ಮರ್ಯಾದೆಯ ವಿಷಯವಾಗುತ್ತದೆ. ಹೋಟೆಲ್ ಯಾವುದಾದರೇನು, ಆಕೆ ಹೆಡ್ ವೇಟರ್.

ಇನ್ನೊಂದು ಕಡೆ ಕಪಾಟಿನ ಮೇಲೆ ಒಂದು ಚಿಕ್ಕ ಮಗುವಿನ ಫೋಟೊ ಇದೆ. ಇಲೋನಾ ಅದನ್ನು ನೋಡುತ್ತಾಳೆ. ಅವರು ಕಳೆದುಕೊಂಡ ಮಗು ಅದು, ಸಿನಿಮಾ ಅದರ ಬಗ್ಗೆ ಉದ್ದಕ್ಕೆ ವಿವರಿಸಲು ಹೋಗುವುದಿಲ್ಲ. ಆ ಫೋಟೊ ನಿಜವಾಗಿ ಪೆಲ್ಲೊನ್‌ಪಾ ಅವರ ಬಾಲ್ಯದ್ದು. ಒಂಬತ್ತು ವರ್ಷ ಹಿಂದೆ ಜೊತೆಗೆ ನಟಿಸಲು ಶುರುಮಾಡಿದ್ದ ಗೆಳೆಯ, ಸತ್ತು ವರ್ಷ ಕೂಡ ಆಗಿಲ್ಲದ ಗೆಳೆಯ, ಅವನಿಗಾಗಿಯೇ ಯೋಚಿಸಿದ್ದ ಪಾತ್ರದಲ್ಲಿ ನಿಂತು ಅವನದೇ ಫೋಟೊ ನೋಡಬೇಕು. ಇಲ್ಲೂ ಮುಖ ಕದಲುವುದಿಲ್ಲ. ಸಿನಿಮಾವನ್ನು ಪೆಲ್ಲೊನ್‌ಪಾ ಅವರಿಗೇ ಅರ್ಪಿಸಲಾಗಿದೆ.

ಕಥೆ ಮುಂದೆ ಹೇಗೋ ಹಳ್ಳದಿಂದ ಏಳುತ್ತದೆ. ಹಳೇ ಯಜಮಾನಿ, ಎಲಿನಾ ಸಾಲೊ ಮಾಡಿರುವ ಪಾತ್ರ, ದುಡ್ಡು ಹಾಕುತ್ತಾಳೆ, 'ಕೆಲಸ' ಅನ್ನುವ ಹೆಸರಿನ ಹೊಸ ರೆಸ್ಟೋರೆಂಟ್ ಶುರುವಾಗುತ್ತದೆ. ಮೊದಲ ದಿನ ಯಾರೂ ಬರುವುದಿಲ್ಲ ಅನ್ನಿಸುತ್ತದೆ, ಆಮೇಲೆ ತುಂಬುತ್ತದೆ, ಸಂಜೆಗೆ ಕುಸ್ತಿಪಟುಗಳ ಸಂಘದವರು ಫೋನ್ ಮಾಡಿ 30 ಜನಕ್ಕೆ ಜಾಗ ಕೇಳುತ್ತಾರೆ. 1996ರ ಕಾನ್ ಸ್ಪರ್ಧೆಯಲ್ಲಿ ಈ ಸಿನಿಮಾ ಇತ್ತು. ನನ್ನನ್ನು ಕೇಳಿದರೆ ನಟಿ ಪ್ರಶಸ್ತಿ ಅವತ್ತೇ ಕೊಡಬಹುದಿತ್ತು.

1999ರ 'ಯುಹಾ' ಒಂದು ಮೂಕಿ ಚಿತ್ರ, ಕಪ್ಪು ಬಿಳುಪು. ಯುಹಾನಿ ಅಹೊ ಅವರ 1911ರ ಕಾದಂಬರಿ ಅದಕ್ಕೆ ಆಧಾರ. ಮಾತೇ ಇಲ್ಲದ ಕಡೆ ನಟರು ಎಲ್ಲವನ್ನೂ ದೊಡ್ಡದಾಗಿ ಮಾಡಲೇಬೇಕು ಅಂದುಕೊಳ್ಳುತ್ತೇವೆ. ರೈತನ ಹೆಂಡತಿ ಮಾರ್ಯಾ ಆಗಿ ಔತಿನೆನ್ ಇಲ್ಲಿ ಬೇರೆಡೆಗಿಂತ ಸ್ವಲ್ಪ ಜಾಸ್ತಿ ಬಿಚ್ಚಿಕೊಳ್ಳುತ್ತಾರೆ, ಹಳೇ ಕಾಲದ ಮೂಕಿ ನಟಿಯರ ಮಟ್ಟಕ್ಕೆ ಮಾತ್ರ ಹೋಗುವುದಿಲ್ಲ. ಬೇಕಾದಷ್ಟೇ ತೆರೆದು ನಿಲ್ಲಿಸುವ ಹಿಡಿತ ಅವರ ಕೈಯಲ್ಲಿದೆ ಅನ್ನೋದಕ್ಕೆ ಇದೊಂದು ಸಾಕ್ಷಿ.

ಈಗ 2002ಕ್ಕೆ ಬರೋಣ. ನಾಯಕ ಹೆಲ್ಸಿಂಕಿಗೆ ಬಂದಿಳಿದ ರಾತ್ರಿಯೇ ಪಾರ್ಕಿನಲ್ಲಿ ಹೊಡೆತ ತಿಂದು ನೆನಪು ಕಳೆದುಕೊಳ್ಳುತ್ತಾನೆ. ಆಸ್ಪತ್ರೆಯಲ್ಲಿ ಸತ್ತ ಅಂತ ಬರೆದಾದ ಮೇಲೆ ಎದ್ದು ನಡೆಯುತ್ತಾನೆ. ಹಡಗಿನ ಕಂಟೇನರ್‌ನಲ್ಲಿ ಸಂಸಾರ ಹೂಡುತ್ತಾನೆ. ಸೂಪ್‌ನ ಸಾಲಿನಲ್ಲಿ ಇರ್ಮಾ ಸಿಗುತ್ತಾಳೆ. ಈ ಸಿನಿಮಾದಲ್ಲಿ ನನಗೆ ಇಷ್ಟವಾದ ದೃಶ್ಯದಲ್ಲಿ ನಾಯಕನೇ ಇಲ್ಲ. ಇರ್ಮಾ ಕೆಲಸ ಮುಗಿಸಿ ತನ್ನ ಪುಟ್ಟ ಕೋಣೆಗೆ ಬರುತ್ತಾಳೆ, ಕಿರಿದಾದ ಮಂಚದಲ್ಲಿ ಮಲಗಿಕೊಂಡು ರೇಡಿಯೋ ಹಾಕುತ್ತಾಳೆ, ರಾಕ್ ಅಂಡ್ ರೋಲ್ ಬರುತ್ತದೆ. ದಿನವಿಡೀ ಭಜನೆ, ಸೂಪು, ಸಮವಸ್ತ್ರ. ರಾತ್ರಿ ಇದು. ತಾಳಕ್ಕೆ ಕಾಲು ಕುಣಿಸುವುದೂ ಇಲ್ಲ, ಸುಮ್ನೆ ಕೇಳುತ್ತಾಳೆ. ಆ ಹೆಂಗಸಿನ ಇಪ್ಪತ್ತು ವರ್ಷ ನಮಗೆ ಅಷ್ಟರಲ್ಲೇ ತಿಳಿದುಹೋಗುತ್ತದೆ. ಆಮೇಲೆ ಅವಳು ಪ್ರೀತಿಗೆ ಬೀಳುವಾಗ ಕಣ್ಣಲ್ಲಿ ಆಗುವ ಬದಲಾವಣೆ ಬಹಳ ಚಿಕ್ಕದು. ಅದನ್ನು ಇಷ್ಟು ವರ್ಷ ಆ ಮುಖ ನೋಡಿದವರು ಮಾತ್ರ ಅಲ್ಲ, ತೀರ್ಪುಗಾರರೂ ಹಿಡಿದರು.

ಸಿನಿಮಾಕ್ಕೆ ಎರಡನೇ ದೊಡ್ಡ ಪ್ರಶಸ್ತಿ ಗ್ರ್ಯಾಂಡ್ ಪ್ರಿ ಬಂತು. ಮೊದಲನೆಯದು 'ದಿ ಪಿಯಾನಿಸ್ಟ್'ಗೆ ಹೋಯಿತು. ಕೌರಿಸ್ಮಾಕಿ ವೇದಿಕೆಗೆ ಬಂದು ಮೊದಲು ತನಗೆ ತಾನೇ ಧನ್ಯವಾದ ಹೇಳಿಕೊಂಡು ಆಮೇಲೆ ತೀರ್ಪುಗಾರರಿಗೆ ಹೇಳಿದರು. ಮರುವರ್ಷ ಆಸ್ಕರ್ ನಾಮನಿರ್ದೇಶನ ಸಿಕ್ಕಾಗ, ಅಮೆರಿಕ ಇರಾಕ್ ಯುದ್ಧಕ್ಕೆ ಹೊರಟಿದೆ ಅಂತ ಸಮಾರಂಭಕ್ಕೆ ಹೋಗಲಿಲ್ಲ. ಸುದ್ದಿಯೆಲ್ಲ ಅವರದ್ದೇ. ನಿರ್ದೇಶಕನ ಪಾತ್ರಗಳಿಗಿಂತ ನಿರ್ದೇಶಕನೇ ಜಾಸ್ತಿ ಗದ್ದಲದವರು ಅನ್ನೋದು ಬೇರೆ ಮಾತು.

ಔತಿನೆನ್ ಆಗ ಏನು ಮಾಡಿದರು? ಪ್ರಶಸ್ತಿ ಹಿಡಿದುಕೊಂಡು ಹಾಲಿವುಡ್ ಕಡೆ ಓಡಲಿಲ್ಲ. ಅದೇ ಕಾಲಕ್ಕೆ ತಾವು ಓದಿದ ಥಿಯೇಟರ್ ಅಕಾಡೆಮಿಯಲ್ಲೇ ನಟನೆಯ ಪ್ರಾಧ್ಯಾಪಕರಾಗಿ ಸೇರಿ ಸುಮಾರು ಹತ್ತು ವರ್ಷ ಪಾಠ ಮಾಡಿದರು. ನಿರ್ದೇಶಕ ನಿಲ್ಲಿಸಿದ ಕಡೆ ನಿಂತ ಗೊಂಬೆಯನ್ನು ಯಾರೂ ಪ್ರಾಧ್ಯಾಪಕಿ ಮಾಡುವುದಿಲ್ಲ. ನಾಟಕ, ಟಿವಿ, ಬೇರೆ ನಿರ್ದೇಶಕರ ಸಿನಿಮಾ ಎಲ್ಲ ಜೊತೆಜೊತೆಗೇ ನಡೆದವು.

ಇದರಲ್ಲಿ ನಷ್ಟವೂ ಇದೆ, ಮುಚ್ಚಿಡೋದು ಯಾಕೆ. ಹೊರದೇಶದಲ್ಲಿ ಅವರ ಹೆಸರು ಹೇಳಿದರೆ ಒಬ್ಬ ನಿರ್ದೇಶಕನ ಸಿನಿಮಾ ಮಾತ್ರ ನೆನಪಾಗುತ್ತದೆ. ಅವರ ರಂಗಭೂಮಿಯ ಕೆಲಸ ಫಿನ್ನಿಶ್ ಬಾರದ ನಮ್ಮಂಥವರಿಗೆ ಸಿಗುವುದೇ ಇಲ್ಲ. ಒಬ್ಬರ ಜೊತೆ ಇಷ್ಟು ವರ್ಷ ದುಡಿದರೆ ಬರುವ ತೊಂದರೆ ಇದು.

2011ರ 'ಲೆ ಹಾವ್ರ್'ನಲ್ಲಿ ಫ್ರೆಂಚ್ ಮಾತಾಡುವ ಹೆಂಡತಿ ಆರ್ಲೆಟಿ, ತನ್ನ ಕಾಯಿಲೆ ಎಷ್ಟು ದೊಡ್ಡದು ಅನ್ನೋದನ್ನು ಗಂಡನಿಂದ ಮುಚ್ಚಿಡುತ್ತಾಳೆ. ಮುಚ್ಚಿಡುವುದನ್ನೇ ಕಸುಬು ಮಾಡಿಕೊಂಡ ನಟಿಗೆ ಇದಕ್ಕಿಂತ ಹೊಂದುವ ಪಾತ್ರ ಇನ್ನೇನಿದೆ. 2023ರಲ್ಲಿ ಕೌರಿಸ್ಮಾಕಿ ಮತ್ತೆ ಹೆಲ್ಸಿಂಕಿಯ ಸೂಪರ್ ಮಾರ್ಕೆಟ್ಟಿನ ಕೆಲಸದವಳ ಕಥೆಗೆ ಮರಳಿದರು. 'ಫಾಲನ್ ಲೀವ್ಸ್'. ಈ ಸಲ ನಾಯಕಿ ಆಲ್ಮಾ ಪೊಯ್ಸ್ತಿ, ಚೆನ್ನಾಗಿಯೇ ಮಾಡಿದ್ದಾರೆ, ಗೋಲ್ಡನ್ ಗ್ಲೋಬ್ ನಾಮನಿರ್ದೇಶನವೂ ಬಂತು. ಆದರೆ ಆ ಮುಖದ ಹಿಂದೆ ಔತಿನೆನ್ ಹಾಕಿಕೊಟ್ಟ ದಾರಿ ಕಾಣುತ್ತದೆ. ನಿರ್ದೇಶಕ ಒಬ್ಬರಿಂದಲೇ ಆಗುವ ಕೆಲಸ ಇದಲ್ಲ ಅನ್ನೋದು ಎರಡನ್ನೂ ಒಂದರ ನಂತರ ಒಂದು ನೋಡಿದರೆ ಗೊತ್ತಾಗುತ್ತದೆ. ಪೊಯ್ಸ್ತಿ ಮುಖದಲ್ಲಿ ಬೆಚ್ಚಗಿನ ಏನೋ ಇದೆ, ಇರಿಸ್‌ಳ ಮುಖದಲ್ಲಿದ್ದ ಚೂಪು ಇಲ್ಲ.

ಹೊಸದಾಗಿ ನೋಡುವವರು 'ಡ್ರಿಫ್ಟಿಂಗ್ ಕ್ಲೌಡ್ಸ್'ನಿಂದ ಶುರುಮಾಡಿ, 'ಮ್ಯಾಚ್ ಫ್ಯಾಕ್ಟರಿ ಗರ್ಲ್' ಆಮೇಲೆ. ಮತ್ತೆ 2017ರ 'ದಿ ಅದರ್ ಸೈಡ್ ಆಫ್ ಹೋಪ್'ನಲ್ಲಿ ಅವರು ಬರುವ ಚಿಕ್ಕ ದೃಶ್ಯ ತಪ್ಪಿಸಿಕೊಳ್ಳಬೇಡಿ. ಬಟ್ಟೆ ಅಂಗಡಿಯ ಒಡತಿ, ಅಂಗಡಿ ಮುಚ್ಚುತ್ತಿದ್ದಾಳೆ. ಮುಂದೇನು ಅಂದರೆ ಮೆಕ್ಸಿಕೊ ಸಿಟಿಗೆ ಹೋಗಿ ಸಾಕೆ ಕುಡಿದು ಹೂಲಾ ಡಾನ್ಸ್ ಮಾಡುತ್ತೇನೆ ಅನ್ನುತ್ತಾಳೆ. ಸಾಕೆ ಜಪಾನಿನದ್ದು, ಹೂಲಾ ಹವಾಯಿಯದ್ದು, ಹೋಗೋದು ಮೆಕ್ಸಿಕೊಗೆ. ಹೇಳುವ ಮುಖ ನೋಡಿದರೆ ವಿಮಾನದ ಟಿಕೆಟ್ ಆಗಲೇ ಕೈಯಲ್ಲಿದೆ ಅನ್ನಿಸುತ್ತದೆ.